ಕೋಟೆ ಸುಟ್ಟ ಬೀಗರು

ನಮ್ಮ ಬೀಗರು ಎಷ್ಟು ಕೋಟೆಗಳಿಗೆ ಬೆಂಕಿ ಹಚ್ಚಿದ್ದಾರೋ ಅವರಿಗೇ ನೆನಪಿಲ್ಲ. ಗಾಬರಿಯಾಗಬೇಡಿ, ಎಲ್ಲವೂ ಪ್ಲೈವುಡ್ಡಿನವು. ಫ್ರಾನ್ಸಿನಲ್ಲಿ ಅವರು ರಾಜರು, ಕುದುರೆ, ಕತ್ತಿವರಸೆ ತುಂಬಿದ ಐತಿಹಾಸಿಕ ಸಾಹಸಚಿತ್ರಗಳ ನಿರ್ಮಾಪಕರಾಗಿದ್ದವರು. ಈಗ ಮಗನ ಜೊತೆ, ಅಂದರೆ ನಮ್ಮ ಅಳಿಯನ ಜೊತೆ, ಆಸ್ಟಿನ್ ಪಕ್ಕದ ಲಿಯಾಂಡರಿನಲ್ಲಿದ್ದಾರೆ. ನಾವಿರುವುದು ಹ್ಯೂಸ್ಟನ್ ಕಡೆ, ಸ್ಟಾಫರ್ಡಿನಲ್ಲಿ. ನಡುವೆ ಮೂರು ಗಂಟೆ ಡ್ರೈವ್ ಇರುವುದರಿಂದ ಸಂಬಂಧ ಚೆನ್ನಾಗಿದೆ.

ಕುದುರೆಗಳಿಗೆ ಹುಲ್ಲು ಹಾಕಲು ಶೂಟಿಂಗಿಗೆ ಹೋದವರು ನಿಧಾನಕ್ಕೆ ನಿರ್ಮಾಪಕರೇ ಆಗಿಬಿಟ್ಟರಂತೆ. ಒಮ್ಮೆ ಮಹಾಯುದ್ಧದ ದೃಶ್ಯದ ದಿನ ಮಳೆ ಹಿಡಿದು, ಸೈನಿಕರ ವೇಷದವರೆಲ್ಲ ಮನೆಗೆ ಹೋದರು. ಬೀಗರು ಎದೆಗುಂದುವವರೇ? ದೂರದ ಗುಡ್ಡದ ಮಂಜಿನಲ್ಲಿ ಊರಿನ ಕುರಿಮಂದೆಯನ್ನು ಓಡಿಸಿ, ಅದನ್ನೇ ಸೈನ್ಯವೆಂದು ತೋರಿಸಿದರು.

"ವಿಮರ್ಶಕರು ಏನಂದ್ರು?" ಎಂದು ಕೇಳಿದೆ.

"ಸೈನಿಕರಲ್ಲಿ ಶಿಸ್ತು ಸಾಲದು ಅಂದ್ರು, ಬೀಗ್ರೇ."

ಅವರು ಕಲಿತ ಕನ್ನಡ 'ಬೀಗ್ರೇ' ಒಂದೇ. ಮಿಕ್ಕದ್ದು ಇಂಗ್ಲಿಷ್, ಕನ್ನಡ ಮಾಡಿದ್ದು ನಾನು.

ಮದುವೆಯಲ್ಲಿ ಅಳಿಯ ತಾಳಿ ಕಟ್ಟಿದ್ದೇ ತಡ, ಬೀಗರು ಕೈಯೆತ್ತಿ, "ಬೆಳಕು ಸರಿಯಿರಲಿಲ್ಲ, ಇನ್ನೊಂದ್ಸಲ" ಎಂದರು. ಮೈಸೂರಿನ ಪುರೋಹಿತರು ಅಕ್ಷತೆ ಹಿಡಿದುಕೊಂಡೇ ಹೇಳಿದರು: "ಒಂದ್ಸಲ ಕಟ್ಟಿದ್ರೆ ಮುಗೀತು ಸಾರ್. ಇದ್ರಲ್ಲಿ ರೀಟೇಕ್ ಇಲ್ಲ."

ಲಿಯಾಂಡರಿನ ಹಿತ್ತಲಲ್ಲಿ ಈಗಲೂ ದಿನಾ ಬೆಳಿಗ್ಗೆ ಕತ್ತಿವರಸೆ. ಪಕ್ಕದ ಮನೆಯವರು ಹೆದರಿ ಪೊಲೀಸರಿಗೆ ಫೋನ್ ಮಾಡಿದರು. ಬಂದ ಪೊಲೀಸನಿಗೆ ಬೀಗರು ಕತ್ತಿ ಹಿಡಿಯುವ ಕ್ರಮ ತೋರಿಸಿ, ಕಾಫಿ ಕೊಟ್ಟು ಕಳಿಸಿದರು. ಈಗ ಅವನು ಭಾನುವಾರ ಪಾಠಕ್ಕೆ ಬರುತ್ತಾನೆ.

ಹೋದ ತಿಂಗಳು ಡಲ್ಲಾಸಿನಲ್ಲಿ ಹಳೆಯ ಸಿನಿಮಾಗಳ ಹುಚ್ಚಿರುವ ಕೆಲವರು ಬೀಗರ ಚಿತ್ರವೊಂದನ್ನು ಹಾಕಿದರು. ಎರಡೂ ಮನೆಯವರು ಹೋದೆವು. ಪರದೆಯ ಮೇಲೆ ನಾಯಕ ಕೋಟೆಗೋಡೆಯಿಂದ ನೇರವಾಗಿ ಕುದುರೆಯ ಮೇಲೆ ಹಾರಿ, ನಾಗಾಲೋಟದಲ್ಲಿ ಹೊರಟ. ಜನ ಚಪ್ಪಾಳೆ ತಟ್ಟಿದರು.

"ನಿಮ್ಮ ಹೀರೋಗೆ ಭಾರಿ ಧೈರ್ಯ" ಎಂದೆ.

"ಅವನಿಗಾ? ಏಣಿ ಹತ್ತೋಕೂ ಹೆದರ್ತಿದ್ದ." ಬೀಗರು ಪರದೆಯಿಂದ ಕಣ್ಣು ತೆಗೆಯಲಿಲ್ಲ. "ಹಾರಿದ್ದು ನನ್ನ ಹೆಂಡತಿ."

ಅಳಿಯ ಚಿಕ್ಕವನಿದ್ದಾಗಲೇ ಆಕೆ ತೀರಿಕೊಂಡಿದ್ದರು. ಅವನು ಕತ್ತಲಲ್ಲಿ ನನ್ನ ಮಗಳ ಕೈ ಹಿಡಿದುಕೊಂಡ. ಕುದುರೆ ಗುಡ್ಡದ ತಿರುವಿನಲ್ಲಿ ಮರೆಯಾಗುವವರೆಗೂ ಬೀಗರು ಉಸಿರು ಬಿಗಿಹಿಡಿದು ಕೂತಿದ್ದರು.

ನಮ್ಮ ಬೀಗಿತ್ತಿ ಜೀವಂತವಾಗಿ ಓಡಾಡಿದ್ದನ್ನು ನಾನು ನೋಡಿದ್ದು ಅದೊಂದೇ ಸಲ. ಅದೂ ಬೆನ್ನು ಮಾತ್ರ.