ಹಾಲು ತರಲು ಹೋದ ಹರಕೆ

ಪುಸ್ತಕ ಎಂದರೆ ಕಪಾಟಿನಲ್ಲಿ ನೆಟ್ಟಗೆ ನಿಲ್ಲಬೇಕು, ತೆರೆದರೂ ಸುಮ್ಮನಿರಬೇಕು, ಮುಚ್ಚಿದರೆ ಮುಚ್ಚಿಕೊಳ್ಳಬೇಕು ಎಂದು ನಂಬಿ ಬಾಳಿದವನು ನಾನು. ಮನುಷ್ಯರ ಬಗ್ಗೆಯೂ ನನ್ನ ಅಭಿಪ್ರಾಯ ಹೆಚ್ಚುಕಡಿಮೆ ಅದೇ. ಕೊಪ್ಪಳದ ಬಸ್ ನಿಲ್ದಾಣದಲ್ಲಿ ಸಂಚಾರ ನಿಯಂತ್ರಕನಾಗಿ ಸೇವೆ ಮುಗಿಸಿದವನಿಗೆ ಬೇರೆ ಅಭಿಪ್ರಾಯ ಬರುವುದಾದರೂ ಹೇಗೆ? ಗಂಗಾವತಿ ಬಸ್ಸು ಗಂಗಾವತಿಯ ಜಾಗದಲ್ಲಿ, ಕುಷ್ಟಗಿ ಬಸ್ಸು ಕುಷ್ಟಗಿಯ ಜಾಗದಲ್ಲಿ ನಿಂತರೆ ಲೋಕ ಸರಿಯಿದೆ ಎಂದೇ ಅರ್ಥ. ಒಮ್ಮೆ ಯಲಬುರ್ಗಾದ ಚಾಲಕನೊಬ್ಬ ಹೊತ್ತಿಗೆ ಮುಂಚೆಯೇ ಗಾಡಿ ಬಿಟ್ಟುಕೊಂಡು ಹೋಗಿದ್ದ. ಮರಳಿ ಬಂದಾಗ ಎಲ್ಲರೆದುರು ನಿಲ್ಲಿಸಿ, “ತಡಾ ಮಾಡಿದವಗ ಮಾಫಿ ಐತಿ, ಮುಂಚೆ ಹೋದವಗಿಲ್ಲ. ತಡಾ ಆದ್ರ ಮಂದಿ ಬೈತಾರ ಅಷ್ಟ. ಮುಂಚೆ ಹೋದ್ರ ಅವರು ಅಲ್ಲೇ ಉಳೀತಾರ” ಎಂದಿದ್ದೆ. ಆ ಮಾತು ನಿಲ್ದಾಣದಲ್ಲಿ ಬಹುಕಾಲ ಓಡಾಡಿತು. ನಿವೃತ್ತಿಯಾದ ಮೇಲೂ ನನ್ನ ನಡಿಗೆ ಸಡಿಲವಾಗಿಲ್ಲ. ಬೆಳಗ್ಗೆ ನಾನು ಹಾಲಿಗೆ ಹೊರಟದ್ದು ಕಂಡರೆ ಓಣಿಯ ತುದಿಯ ಖಾಜಾಸಾಬ ಎಣ್ಣೆಯ ಬಾಣಲೆ ಒಲೆಗೇರಿಸುತ್ತಾನೆ. ನಾನು ತಿರುಗಿ ಬರುವಾಗ ಮೊದಲ ಮಿರ್ಚಿ ಭಜಿ ಇಳಿದಿರುತ್ತದೆ.

ಇಂಥ ಮನೆಗೆ ಸೊಸೆ ವೈಶಾಲಿ ಬಂದಳು, ಹಿಂದೆಯೇ ಅವಳ ಪುಸ್ತಕಗಳೂ ಬಂದವು. ವೈಶಾಲಿ ಸಿದ್ದಾಪುರದವಳು, ಕಾಲುವೆಯ ನೀರು ನೋಡುತ್ತ ಬೆಳೆದವಳು. ನಾವು ಮೂಲತಃ ಕುಕನೂರಿನ ಒಣಭೂಮಿಯವರು. ಕೈಕಾಲು ತೊಳೆಯುವಾಗಲೂ ತಂಬಿಗೆಯ ಮೇಲೆ ಒಂದು ಕಣ್ಣಿಟ್ಟಿರುತ್ತೇವೆ. ಅವಳು ಗಂಗಾವತಿಯ ಕಾಲೇಜೊಂದರಲ್ಲಿ ಚಿತ್ರಕಲೆಯ ಅತಿಥಿ ಉಪನ್ಯಾಸಕಿ. ಚಿತ್ರಕಲೆ ಎಂದರೆ ಹೂದಾನಿ, ಬಾಳೆಹಣ್ಣು ಎಂದುಕೊಂಡಿದ್ದೆ. ಅವಳ ಪುಸ್ತಕಗಳಲ್ಲಿ ಅವೆರಡೂ ಇರಲಿಲ್ಲ. ಅಲ್ಲಿದ್ದದ್ದು ಮುಟ್ಟಿದರೆ ಬೆಳಗುವ ಗೋಡೆ, ಹೆಜ್ಜೆಯಿಟ್ಟರೆ ಹಾಡುವ ನೆಲ, ಕತ್ತಲ ಕೋಣೆಯ ಪರದೆಗಳ ಮೇಲೆ ಈಜುವ ಬೆಳಕಿನ ಮೀನು, ಮತ್ತೆ ತಮ್ಮ ಮೈಯನ್ನೇ ಚಿತ್ರ ಮಾಡಿಕೊಂಡು ದಿನವಿಡೀ ಏನನ್ನೋ ಮಾಡುತ್ತ ಕುಳಿತ ಜನ. ಪುಸ್ತಕಗಳ ನಡತೆಯೂ ಹಾಗೆಯೇ. ಒಂದು ಪುಸ್ತಕ ಕಪಾಟಿನಿಂದ ಮೊಣಕೈ ಚಾಚಿಕೊಂಡೇ ನಿಲ್ಲುತ್ತಿತ್ತು. ಒಂದರ ಹಾಳೆ ಎಳೆದರೆ ಮಡಿಕೆ ಬಿಚ್ಚುತ್ತ ಪಡಸಾಲೆಯಿಂದ ಅಡುಗೆಮನೆಯವರೆಗೆ ಬರುತ್ತಿತ್ತು. ಇನ್ನೊಂದರಲ್ಲಿ ಕನ್ನಡಿಯಂಥ ಹಾಳೆ. ಯಾವ ಕಲಾವಿದನಪ್ಪ ಎಂದು ಬಗ್ಗಿ ನೋಡಿದರೆ ಕ್ಷೌರವಾಗದ ನನ್ನದೇ ಮುಖ. ಮತ್ತೊಂದನ್ನು ತೆರೆದೊಡನೆ ಮಳೆ ಸುರಿಯುವ ಸದ್ದು. ಮೊದಲ ಸಲ ಅದನ್ನು ಕೇಳಿದ ನನ್ನ ಹೆಂಡತಿ ಗಿರಿಜಾ ಮಾಳಿಗೆಯ ಮೇಲಿನ ಹಪ್ಪಳ ತೆಗೆಯಲು ಓಡಿದ್ದಳು. ಆಮೇಲೆ ರೂಢಿಯಾಗಿ, ಬಿಸಿಲೇರಿದ ಮಧ್ಯಾಹ್ನಗಳಲ್ಲಿ ಆ ಪುಸ್ತಕವನ್ನು ದಿಂಬಿನ ಪಕ್ಕ ತೆರೆದಿಟ್ಟುಕೊಂಡೇ ಮಲಗತೊಡಗಿದಳು.

ಗಿರಿಜಾಳಿಗೆ ಸಿಟ್ಟು ಬಂದದ್ದು ಒಂದೇ ಚಿತ್ರಕ್ಕೆ. ಯಾವುದೋ ದೇಶದ ದೊಡ್ಡ ಸಭಾಂಗಣದ ನಡುವೆ ಒಬ್ಬ ಹೆಂಗಸು ಕೂತು ಬೆಳಗಿನಿಂದ ಸಂಜೆವರೆಗೆ ಈರುಳ್ಳಿ ಸುಲಿಯುತ್ತಾಳೆ. ಸುತ್ತ ಹಗ್ಗ ಕಟ್ಟಿದ್ದಾರೆ. ಹಗ್ಗದಾಚೆ ಕೋಟು ತೊಟ್ಟ ಜನ ಗಲ್ಲಕ್ಕೆ ಕೈಯಿಟ್ಟು ನಿಂತಿದ್ದಾರೆ. “ಉಳ್ಳಾಗಡ್ಡಿ ಸುಲಿಯೂದನ್ನ ಹಗ್ಗ ಕಟ್ಟಿ ನೋಡತಾರೇನವ್ವ?” ಎಂದಳು ಗಿರಿಜಾ. “ಮದುವಿ ಆದಾಗಿಂದ ನಾ ಸುಲೀತೇನಿ, ಈ ಮನ್ಯಾಗ ಒಬ್ಬರೂ ಹಣಿಕಿ ಹಾಕಿಲ್ಲ.” ವೈಶಾಲಿ ಅತ್ತೆಯ ಮುಖ ನೋಡಿ, “ಅದಕ್ಕ ಆಕಿ ಹಗ್ಗ ಕಟ್ಯಾಳ್ರಿ ಅತ್ತಿ” ಎಂದಳು. ಗಿರಿಜಾ ಒಳಗೆ ಹೋದಳು. ಆ ದಿನ ಸಾರಿಗೆ ಉಪ್ಪು ಹೆಚ್ಚಾಗಿತ್ತು.

ನನ್ನ ಸಹನೆ ಮುಗಿದದ್ದು ಆ ಮೊಣಕೈ ಚಾಚಿದ ಪುಸ್ತಕ ನನ್ನ ಹಳೆಯ ವೇಳಾಪಟ್ಟಿಗಳ ಮೇಲೆ ಹತ್ತಿ ಕುಳಿತಾಗ. ನನ್ನ ಕಾಲದ ಬಸ್ಸುಗಳ ವೇಳಾಪಟ್ಟಿಗಳನ್ನು ಕಟ್ಟುಕಟ್ಟಾಗಿ ಅದೇ ಕಪಾಟಿನ ಒಂದು ಅರೆಯಲ್ಲಿ ಜೋಡಿಸಿಟ್ಟಿದ್ದೆ. ಏಕೆ ಎಂದು ಕೇಳಬಾರದು. “ಐತವಾರದೊಳಗ ಈ ಪುಸ್ತಕ ಎಲ್ಲಾ ಮನಿ ಬಿಡಬೇಕು ನೋಡವ್ವ” ಎಂದು ಸೊಸೆಗೆ ಹೇಳಿದೆ. ಅವಳು ವಾದಿಸಲಿಲ್ಲ. “ಆತ್ರಿ ಮಾವಾರ. ಸಿದ್ದಾಪುರದಾಗ ನಮ್ಮಣ್ಣನ ಭತ್ತದ ಗೋದಾಮಿನ್ಯಾಗ ಇಡ್ತೀನಿ. ಇಲಿ ಭಾಳ ಅದಾವು, ಇರ್ಲಿ ಬಿಡ್ರಿ. ಕಳಿಸೂಕಿನ್ನ ಮೊದಲ ಒಂದರ ಓದಿ ನೋಡ್ರಿ” ಎಂದು ಖಾಲಿ ರಟ್ಟಿನ ಪೆಟ್ಟಿಗೆ ತರಲು ಹೋದಳು. ವಿದ್ಯಾರ್ಥಿಗಳಿಗೆ ಪಾಠ ಮಾಡಲು ಅವಳ ಬಳಿ ಇದ್ದದ್ದು ಆ ಪುಸ್ತಕಗಳಷ್ಟೇ. ಅಂಥ ಕಲೆಯನ್ನು ಅವರಾಗಲಿ ಇವಳಾಗಲಿ ಕಣ್ಣಾರೆ ಕಂಡವರಲ್ಲ. ಇದು ನನಗೂ ಗೊತ್ತಿತ್ತು. ಆದರೆ ಆದೇಶ ಆದೇಶವೇ.

ಒಂದನ್ನಾದರೂ ಓದಿದರಾಯಿತು ಎಂದು ಒಪ್ಪಿ, ತೀರ ತೆಳ್ಳಗಿನದನ್ನು ಆರಿಸಿಕೊಂಡೆ. ಪುಟಕ್ಕೊಂದು ಸೂಚನೆ, ಉಳಿದದ್ದೆಲ್ಲ ಖಾಲಿ. ವಿದ್ಯಾರ್ಥಿಗಳಿಗೆಂದು ವೈಶಾಲಿ ಪ್ರತಿಯೊಂದರ ಕೆಳಗೆ ಪೆನ್ಸಿಲಿನಲ್ಲಿ ಕನ್ನಡ ಬರೆದಿದ್ದಳು. ನಾನು ತೆರೆದ ಪುಟದಲ್ಲಿದ್ದದ್ದು ಇಷ್ಟು: ದಿನವೂ ಮಾಡುವ ಒಂದು ಕೆಲಸವನ್ನು, ನಿಮಗೇ ಗುರುತು ಸಿಗದಷ್ಟು ನಿಧಾನವಾಗಿ ಮಾಡಿ. ಯಾರು ಕೇಳಿದರೂ ವಿವರಿಸಬೇಡಿ. ಬೇರೆಯವರಾಗಿದ್ದರೆ ಓದಿ ಪುಟ ತಿರುಗಿಸುತ್ತಿದ್ದರೇನೋ. ನಾನು ಲಿಖಿತ ಸೂಚನೆ ಕಂಡರೆ ಎದ್ದು ನಿಲ್ಲುವ ಜಾತಿಯವನು. ಮರುದಿನ ಬೆಳಗ್ಗೆ ಹಾಲಿಗೆ ಹೊರಟವನು ಹೊಸ್ತಿಲ ಹೊರಗೆ ಬಲಗಾಲನ್ನು ಎತ್ತಿ, ಅದು ನೆಲ ಮುಟ್ಟುವುದನ್ನು ಕಾಯತೊಡಗಿದೆ.

ಮೊದಮೊದಲು ನನ್ನೊಳಗೆ ನಿಲ್ದಾಣದ ಸೀಟಿ ಊದುತ್ತಲೇ ಇತ್ತು. ಆಮೇಲೆ ಯಾವಾಗಲೋ ನಿಂತಿತು. ಓಣಿ ಎಷ್ಟು ಅಗಲವಾಗಿದೆ ಎಂದು ಕಂಡದ್ದು ಆಗಲೇ. ಕೋಟೆಯ ಗುಡ್ಡದ ಮೇಲಿಂದ ಬಿಸಿಲು ಜಾರಿ, ಒಂದೊಂದೇ ಗೋಡೆಯನ್ನು ಮುಟ್ಟಿ ಎಬ್ಬಿಸುತ್ತ ನನ್ನ ಜೊತೆಗೇ ಬರುತ್ತಿತ್ತು. ಯಾರೋ ಚೆಲ್ಲಿದ ಸಾಬೂನು ನೀರಿನ ಗುಳ್ಳೆಯೊಂದರಲ್ಲಿ ಒಂದು ಕಿಟಕಿ ಇತ್ತು. ತಲೆಯೆತ್ತಿದರೆ ಖಾಜಾಸಾಬನ ಮೇಲಂತಸ್ತಿನಲ್ಲಿ ನಿಜಕ್ಕೂ ಒಂದು ನೀಲಿ ಕಿಟಕಿ, ಅದರಲ್ಲಿ ತುಳಸಿಯಷ್ಟೇ ಎತ್ತರದ ಯಾವುದೋ ಹೂವಿನ ಗಿಡ. ಎಷ್ಟು ವರ್ಷದಿಂದ ಇತ್ತೋ. ನಿಲ್ದಾಣದಲ್ಲಿ ಸಾವಿರಾರು ಬಸ್ಸು ಬಿಟ್ಟಿದ್ದೇನೆ, ಒಂದು ಬಸ್ಸು ಹೋದ ಮೇಲೆ ಅದರ ಧೂಳು ಮೆಲ್ಲಗೆ ಕೂತುಕೊಳ್ಳುವುದನ್ನು ನೋಡಿಲ್ಲ; ಅಷ್ಟರಲ್ಲಿ ಮುಂದಿನ ಬಸ್ಸು ಬಂದಿರುತ್ತಿತ್ತು. ಈಗ ಆ ಧೂಳೆಲ್ಲ ಬಂಗಾರದ ಬಣ್ಣದಲ್ಲಿ ನನ್ನ ಸುತ್ತ ಇಳಿಯುತ್ತಿದೆ ಎನಿಸಿತು.

“ಕಂಟ್ರೋಲರ್ ಸಾಹೇಬ್ರ, ತಬಿಯತ್ ಛಲೋ ಐತಿಲ್ರಿ?” ಖಾಜಾಸಾಬನ ದನಿ ಬಹಳ ದೂರದಿಂದ ಬಂತು. ಅವನ ಎಣ್ಣೆ ಹೊಗೆಯಾಡುತ್ತಿತ್ತು. ನಾನು ವಿವರಿಸಲಿಲ್ಲ. “ಬಿ.ಪಿ. ಇರಬೇಕು, ಕುರ್ಚಿ ತರ್ರಿ” ಎಂದು ಅವನು ಬಾಣಲೆ ಇಳಿಸುವಷ್ಟರಲ್ಲಿ ಎದುರುಮನೆಯ ಶರಣವ್ವ ಕಟ್ಟೆಯಿಂದ ಇಳಿದು ಬಂದಳು. ನಮ್ಮ ಓಣಿಯಲ್ಲಿ ಯಾವುದಕ್ಕೂ ಕೊನೆಯ ಮಾತು ಅವಳದೇ. “ಸುಮ್ಮನಿರೋ ಖಾಜಾ. ಮೌನ ಹಿಡದಾರ, ಕಾಣಂಗಿಲ್ಲೇನು? ಇವತ್ತ ಶನಿವಾರ. ಹಣಮಪ್ಪಗ ಹರಕಿ ಹೊತ್ತಾರ.”

ಶನಿವಾರ ಎಂಬುದು ನನ್ನ ಲೆಕ್ಕದಲ್ಲೇ ಇರಲಿಲ್ಲ. ಹರಕೆ ಹೊತ್ತು ಗುಡಿಗೆ ನಡೆಯುವವರ ಕಾಲಿಗೆ ನೀರು ಹಾಕುವುದು ನಮ್ಮಲ್ಲಿ ರೂಢಿ. ಒಂದೊಂದೇ ಮನೆಯಿಂದ ಕೊಡ ಬಂದವು. ತಣ್ಣನೆಯ ನೀರು ಪಾದದ ಮೇಲೆ ಹರಿಯಿತು, ಹಣೆಗೆ ಯಾರೋ ಕುಂಕುಮ ಹಚ್ಚಿದರು. ಒಣಭೂಮಿಯವನು ನಾನು, ಇಷ್ಟು ನೀರು ವ್ಯರ್ಥವಾಗುತ್ತಿದೆ ಎಂದು ಕೂಗಬೇಕಿತ್ತು. ಆದರೆ ಸಿದ್ದಾಪುರದ ಕಾಲುವೆಯಲ್ಲಿ ಕಾಲಿಳಿಬಿಟ್ಟು ಕೂತಂತೆ ಸುಖವಾಗಿತ್ತು. ಹಿಂದೆ ಹೆಂಗಸರ ಪಿಸುಮಾತು. “ಯಾಕ ಹೊತ್ತಾರಂತ?” “ಮತ್ಯಾಕ, ಸೊಸಿ ನೌಕರಿ ಕಾಯಂ ಆಗಲಿ ಅಂತ. ಇಂಥಾ ಮಾವ ಯಾರಿಗೆ ಸಿಗತಾನ ಹೇಳು.”

ದಾರಿಯಲ್ಲೇ ಇದ್ದ ಹಣಮಪ್ಪನ ಗುಡಿಯ ಬಾಗಿಲಲ್ಲಿ ಪೂಜಾರಿ ಆರತಿ ಹಿಡಿದು ನಿಂತಿದ್ದ. ನಾನು ಅವನೆದುರು ನಿಧಾನವಾಗಿ ಹಾದು ಹಾಲಿನ ಅಂಗಡಿಯ ಕಡೆ ಹೋದೆ, ಏಕೆಂದರೆ ನಾನು ಹೊರಟದ್ದು ಅಲ್ಲಿಗೆ. ಜನ ಒಂದು ಕ್ಷಣ ತಬ್ಬಿಬ್ಬಾದರು. “ಅಭಿಷೇಕಕ್ಕ ಹಾಲ ತರತಾರ, ಗಡಿಬಿಡಿ ಮಾಡಬ್ಯಾಡ್ರಿ” ಎಂದು ಶರಣವ್ವ ಸಮಾಧಾನ ಹೇಳಿದಳು. ತಿರುಗಿ ಬರುವಾಗ ನನ್ನ ಕೈಯಿಂದ ಹಾಲಿನ ಪೊಟ್ಟಣಗಳನ್ನು ಭಕ್ತಿಯಿಂದ ಬಿಡಿಸಿಕೊಂಡು ಪೂಜಾರಿಗೆ ಕೊಟ್ಟಳು. ನಮ್ಮ ಮನೆಯ ಬೆಳಗಿನ ಚಹಾ ಹಣಮಪ್ಪನ ಹೆಗಲ ಮೇಲಿಂದ ಹರಿದು ಹೋಯಿತು.

ಮನೆ ಮುಟ್ಟಿದಾಗ ವೈಶಾಲಿ ಬಾಗಿಲಲ್ಲಿದ್ದಳು. ಗಂಗಾವತಿ ಬಸ್ಸಿಗೆ ಹೊರಟವಳು ಓಣಿಯ ತಿರುವಿನಿಂದ ಎಲ್ಲವನ್ನೂ ನೋಡಿ, ಹೆಂಗಸರ ಮಾತು ಕೇಳಿ, ಬಸ್ಸು ತಪ್ಪಿಸಿಕೊಂಡು ಹಿಂತಿರುಗಿದ್ದಳು. ಬೇಕೆಂದೇ ಬಸ್ಸು ತಪ್ಪಿಸಿಕೊಂಡವರನ್ನು ನಾನು ಎಂದೂ ಕ್ಷಮಿಸಿಲ್ಲ. “ಹಾಲೆಲ್ಲಿ?” ಎಂದಳು ಒಳಗಿನಿಂದ ಗಿರಿಜಾ. ಸೊಸೆ ಮಾತ್ರ ಮೆಲ್ಲಗೆ ಕೇಳಿದಳು: “ಮಾವಾರ, ಮಂದಿ ಅನ್ನೂದು ಖರೇನ್ರಿ? ನನ್ನ ನೌಕರಿಗಂತ ನಡದ್ರೇನು?” ಅವಳ ಕಣ್ಣು ತುಂಬಿತ್ತು. ಇಲ್ಲ ಎನ್ನಲು ಬಾಯಿ ಬರಲಿಲ್ಲ, ಹೌದು ಎನ್ನಲು ಮನಸ್ಸು ಒಪ್ಪಲಿಲ್ಲ. ಯಾರು ಕೇಳಿದರೂ ವಿವರಿಸಬೇಡಿ ಎಂದು ಬರೆದ ಪುಣ್ಯಾತ್ಮನನ್ನು ನೆನೆದು ಕಪಾಟಿನ ಕಡೆ ನಡೆದೆ. ಅವಳು ತಂದಿಟ್ಟಿದ್ದ ಪೆಟ್ಟಿಗೆಯಲ್ಲಿ ನನ್ನ ವೇಳಾಪಟ್ಟಿಗಳ ಕಟ್ಟುಗಳನ್ನು ಒಂದೊಂದಾಗಿ ಇಳಿಸಿದೆ. ಭಾನುವಾರ ಸಿದ್ದಾಪುರದ ಗೋದಾಮಿಗೆ ಹೋದದ್ದು ಅವೇ. ಎಂದೋ ಹೊರಟುಹೋದ ಬಸ್ಸುಗಳನ್ನು ಅಲ್ಲಿನ ಇಲಿಗಳು ಈಗ ಸಾವಕಾಶವಾಗಿ ತಿನ್ನುತ್ತಿರಬೇಕು.

ಹರಕೆ ತೀರುವವರೆಗೆ ನಡಿಗೆ ನಿಲ್ಲಿಸಬಾರದು ಎಂಬುದು ಶರಣವ್ವನ ತೀರ್ಪು. ಹೀಗಾಗಿ ಸೊಸೆಯ ನೌಕರಿ ಕಾಯಂ ಆಗುವವರೆಗೆ ಪ್ರತಿ ಶನಿವಾರ ನನಗೆ ಈ ಕೆಲಸ ಕಾಯಂ. ತಾನೇ ಪೆನ್ಸಿಲಿನಲ್ಲಿ ಬರೆದ ಸೂಚನೆ ಅದು ಎಂದು ಆಮೇಲೆ ಗುರುತು ಹಿಡಿದ ವೈಶಾಲಿಗೆ, ಇಂಥ ಕಲೆಯನ್ನು ವಾರವಾರ ಮಾಡಿದರೆ ಅದು ಕಲೆ ಹೌದೋ ಅಲ್ಲವೋ ಎಂದು ಅನುಮಾನ. ನನಗೇನೂ ಅನುಮಾನವಿಲ್ಲ, ಕೊಟ್ಟ ಜಾಗ, ಕೊಟ್ಟ ಹೊತ್ತು, ತಪ್ಪದೆ ಹೊರಡುತ್ತೇನೆ. ಆದರೆ ಕಳೆದ ಶನಿವಾರ ಏನೋ ಹುಮ್ಮಸ್ಸಿನಲ್ಲಿ ಹೆಜ್ಜೆ ತುಸು ಚುರುಕಾಗಿರಬೇಕು. ಗುಡಿ ಮುಟ್ಟಿದಾಗ ಪೂಜಾರಿ ಇನ್ನೂ ಆರತಿಗೆ ಬತ್ತಿ ಹೊಸೆಯುತ್ತಿದ್ದ, ಹೆಂಗಸರು ನಲ್ಲಿಯ ಬುಡದಲ್ಲಿ ಕೊಡ ತುಂಬಿಸುತ್ತಲೇ ಇದ್ದರು. ತಿರುಗಿ ಬರುವಾಗ ಖಾಜಾಸಾಬ ಜಾಲರಿ ಸಟ್ಟುಗ ಹಿಡಿದು ಅಂಗಡಿಯಿಂದ ಹೊರಗೇ ಬಂದ. ಬಾಣಲೆಯಲ್ಲಿ ಎಣ್ಣೆ ಇನ್ನೂ ತಣ್ಣಗಿತ್ತು.

“ಇದೇನ್ರಿ ಸಾಹೇಬ್ರ, ಇಷ್ಟು ಲಗೂ ಬಂದಬಿಟ್ರಿ? ತಡಾ ಮಾಡಿದ್ರ ನಡೀತೈತ್ರಿ. ಹಿಂಗ ಮುಂಚೆ ಬಂದ್ರ ಮಂದಿ ಎಲ್ಲಾ ಅಲ್ಲೇ ಉಳೀತಾರ.”

ಮೌನದ ಹರಕೆ. ನಾನು ತಲೆ ತಗ್ಗಿಸಿ ನಿಂತು ಬೈಸಿಕೊಂಡೆ.