ಆಟಗಳಿಗೆ ಪುನರ್ವಸತಿ

ಅಣೆಕಟ್ಟಿನ ಹಿನ್ನೀರು ಬರುತ್ತದೆಂದು ಹಳೇ ಬಾಗಲಕೋಟೆಯಿಂದ ನಮ್ಮ ಕಚೇರಿಯನ್ನು ನವನಗರಕ್ಕೆ ಎತ್ತಿದಾಗ ಅದರ ರೆಕಾರ್ಡ್ ರೂಮನ್ನು ಒಂದು ಚೀಟಿಯೂ ಕಳೆಯದಂತೆ ಸಾಗಿಸಿದ ಮಹಾಪುರುಷ ಯಾರು? ನಾನೇ! ಆಮೇಲೆ ಅಲ್ಲಿ ಯಾವ ಕಾಗದವೂ ಯಾರ ಕೈಗೂ ಸಿಗಲಿಲ್ಲ ಎಂಬುದು ಬೇರೆ ಮಾತು. ಕಳೆದಿರಲಿಲ್ಲ, ಸಿಗಲಿಲ್ಲ, ಅಷ್ಟೆ. ಈ ಎರಡರ ನಡುವಿನ ವ್ಯತ್ಯಾಸ ತಿಳಿಯದ ಕೆಲವರು ನನ್ನ ಬೆನ್ನ ಹಿಂದೆ ಏನೇನೋ ಆಡಿಕೊಂಡರು. ಹೊಟ್ಟೆಕಿಚ್ಚಿನ ಜನ.

ನನ್ನ ಪದ್ಧತಿ ಸರಳ. ಒಂದು ಕಡತ ಬಿಚ್ಚುವುದು. ಅದರಲ್ಲಿನ ಅರ್ಜಿಗಳನ್ನು ಅರ್ಜಿಗಳ ಕಪಾಟಿಗೆ, ನಕಾಶೆಗಳನ್ನು ನಕಾಶೆಗಳ ಕಪಾಟಿಗೆ, ರಸೀದಿಗಳನ್ನು ರಸೀದಿಗಳ ಕಪಾಟಿಗೆ ಸೇರಿಸುವುದು. ಯಾವ ಜಾತಿಗೂ ಸೇರದ ಹಳೇ ಕಾಗದ ಕಂಡರೆ ವಿಲೇವಾರಿ, ಅಂದರೆ ಹಿತ್ತಲಲ್ಲಿ ಬೆಂಕಿ. ಸುಟ್ಟದ್ದು ಕಳೆದ ಲೆಕ್ಕಕ್ಕೆ ಬರುವುದಿಲ್ಲ ಎಂಬುದನ್ನು ಬಲ್ಲವರು ಬಲ್ಲರು.

ಇಂಥ ನಾನು ಎರಡು ಸಾವಿರದ ಮೂರನೇ ಇಸವಿಯಲ್ಲಿ ಮನೆಗೊಂದು ಕಂಪ್ಯೂಟರ್ ತಂದೆ. ಆಗ ಕಂಪ್ಯೂಟರ್ ಇದ್ದ ಮನೆಯ ಯಜಮಾನನಿಗೆ ಡಾಕ್ಟರನಿಗಿರುವಷ್ಟೇ ಮರ್ಯಾದೆ ಇತ್ತು. ಕಚೇರಿಯ ಕೆಲಸವನ್ನು ಮನೆಯಲ್ಲೂ ಮಾಡುತ್ತೇನೆಂದು ಊರೆಲ್ಲ ಸಾರಿದ್ದೆ. ಕಚೇರಿಯ ಕೆಲಸವನ್ನು ಕಚೇರಿಯಲ್ಲೇ ಮಾಡದವನು ಮನೆಯಲ್ಲಿ ಮಾಡುವನೇ? ಅದರ ಮೇಲೊಂದು ಕಸೂತಿ ಬಟ್ಟೆ ಹೊದಿಸಿ, ಕುಂಕುಮ ಹಚ್ಚಿ, ಪಡಸಾಲೆಯಲ್ಲಿ ಕೂರಿಸಿದೆವು. ಮಾರಿದ ಅಂಗಡಿಯವನು ಸೀರೆ ಕೊಂಡವರಿಗೆ ಕೈಚೀಲ ಕೊಡುವ ಹಾಗೆ ಅದರೊಳಗೆ ಪುಕ್ಕಟೆಯಾಗಿ ಒಂದು ಹೇರು ಆಟಗಳನ್ನು ತುಂಬಿ ಕಳಿಸಿದ್ದ. ಕಾರು ಓಡಿಸುವುದು, ಇಸ್ಪೀಟು, ಗುಂಡು ಹಾರಿಸುವುದು, ಮತ್ತೊಂದು, ಊರು ಕಟ್ಟುವ ಆಟ.

ಈ ಕೊನೆಯದರ ಸಂಗತಿ ನನಗೆ ಆಮೇಲೆ ಗೊತ್ತಾಯಿತು. ನಿಮಗೆ ಈಗಲೇ ಹೇಳಿಬಿಡುತ್ತೇನೆ. ನಾನು ಕಚೇರಿಗೆ ಹೋದ ಮೇಲೆ ನನ್ನ ಹೆಂಡತಿ ಬಸವೇಶ್ವರಿ ಮತ್ತು ನನ್ನ ಅವ್ವ ಸಾವಿತ್ರೆವ್ವ, ಉಪ್ಪಿನಕಾಯಿಗೆ ಉಪ್ಪು ಎಷ್ಟು ಎಂಬ ವಿಷಯದಲ್ಲೂ ಎಂದೂ ಒಂದಾಗದ ಅತ್ತೆ ಸೊಸೆ, ಮಧ್ಯಾಹ್ನವೆಲ್ಲ ಅದರ ಮುಂದೆ ಒಂದೇ ಚಾಪೆಯ ಮೇಲೆ ಕೂತು, ನೀರಿನಡಿ ಹೋದ ನಮ್ಮ ಓಣಿಯನ್ನು ಮತ್ತೆ ಕಟ್ಟುತ್ತಿದ್ದರು. ಅವ್ವ ಹೇಳುವುದು, ಬಸವೇಶ್ವರಿ ಕಟ್ಟುವುದು. ಆ ಆಟದಲ್ಲಿ ಇದ್ದದ್ದೆಲ್ಲ ಪರದೇಶದ ಕಟ್ಟಡಗಳು. ಹಾಗಾಗಿ ದಸ್ತಗೀರಸಾಬರ ಹಿಟ್ಟಿನ ಗಿರಣಿ ಹೊಗೆ ಉಗುಳುವ ಕಾರ್ಖಾನೆಯಾಯಿತು, ದುರಗಪ್ಪನ ಕಿರಾಣಿ ಅಂಗಡಿಗೆ ಮೂರು ಅಂತಸ್ತು ಬಂದವು. ಆಟದಲ್ಲಿ ರಸ್ತೆ ನೆಟ್ಟಗೇ ಬರುತ್ತಿತ್ತು. ನಮ್ಮ ಓಣಿಯೋ ಹುಟ್ಟಿದಾಗಿನಿಂದ ನೆಟ್ಟಗಿರಲಿಲ್ಲ. ಬಸವೇಶ್ವರಿ ಚೂರು ಚೂರು ರಸ್ತೆ ಜೋಡಿಸಿ ಅದನ್ನು ಸೊಟ್ಟ ಮಾಡಿದ್ದಳು. ಅಷ್ಟು ಸೊಟ್ಟ ಮಾಡಲು ಎಷ್ಟೋ ತಿಂಗಳು ಹಿಡಿದಿತ್ತಂತೆ.

ಒಂದು ರವಿವಾರ ಕನ್ನಡ ಟೈಪು ಮಾಡುವ ತಂತ್ರಾಂಶ ಹಾಕಹೋದೆ. ಸಿ ಡ್ರೈವಿನಲ್ಲಿ ಜಾಗವಿಲ್ಲ ಎಂದು ಕಂಪ್ಯೂಟರ್ ಇಂಗ್ಲಿಷಿನಲ್ಲಿ ಹೇಳಿತು. ಪಕ್ಕದಲ್ಲೇ ಡಿ ಡ್ರೈವು ಬಟಾ ಬಯಲಾಗಿ ಬಿದ್ದಿದೆ, ಒಂದು ಕಟ್ಟಡವಿಲ್ಲ, ಒಂದು ಕಂಬವಿಲ್ಲ. ನನಗೆ ನವನಗರದ ಮೊದಲ ದಿನಗಳು ನೆನಪಾಗಿ ಮೈ ಜುಮ್ಮೆಂದಿತು. ನಾಡು ನನ್ನನ್ನು ಮತ್ತೆ ಕರೆಯುತ್ತಿತ್ತು.

ಅತ್ತೆ ಸೊಸೆ ಬಾದಾಮಿಯಲ್ಲಿ ತೊಟ್ಟಿಲ ಕಾರ್ಯಕ್ಕೆಂದು ಹೊರಟು ನಿಂತಿದ್ದರು.

"ಇವತ್ತ ಕಂಪ್ಯೂಟರ ಸ್ವಚ್ಛ ಮಾಡ್ತೇನಿ," ಎಂದೆ.

"ಒಂದ ಅರಿವಿ ತಗೊಂಡು ಮ್ಯಾಲಿನ ಧೂಳ ಒರಸ್ರಿ, ಸಾಕು," ಎಂದಳು ಬಸವೇಶ್ವರಿ. "ಒಳಗ ಕೈ ಹಾಕಬ್ಯಾಡ್ರಿ."

"ಒಳಗ ಆಟ ತುಂಬಿ ಕಾಲಿಡಾಕ ಜಾಗಾ ಇಲ್ಲ. ಎಲ್ಲಾ ಡಿ ಡ್ರೈವಿಗೆ ಶಿಫ್ಟ್ ಮಾಡ್ತೇನಿ. ಶಿಫ್ಟ್ ಮಾಡೂದು ನನಗೇನ ಹೊಸಾದಲ್ಲ."

"ಹೊಸಾದಲ್ಲ ಅಂತನ ಅಂಜಿಕಿ ಬರಾಕತ್ತೈತಿ."

ಅವ್ವ ಚಪ್ಪಲಿ ಮೆಟ್ಟುತ್ತ, "ನಮ್ಮ ಊರಿಗೇನೂ ಆಗಬಾರದು ನೋಡಪಾ," ಎಂದಳು. ಬಾದಾಮಿಗೆ ಹೋಗುವವಳು ಯಾವ ಊರಿನ ಚಿಂತೆ ಮಾಡುತ್ತಿದ್ದಾಳೋ ಎಂದು ನಕ್ಕು, ಬಸ್ಸು ತಪ್ಪೀತು ಎಂದು ಇಬ್ಬರನ್ನೂ ಸಾಗಹಾಕಿದೆ.

ಮೊದಲಿಗೆ ಪರದೆಯ ಮೇಲಿದ್ದ ಆಟಗಳ ಚಿಕ್ಕ ಚಿತ್ರಗಳನ್ನೆಲ್ಲ ಎಳೆದು ಡಿ ಡ್ರೈವಿಗೆ ಹಾಕಿದೆ. ಸಿ ಡ್ರೈವಿನಲ್ಲಿ ಒಂದು ಸಾಸಿವೆ ಕಾಳಿನಷ್ಟೂ ಜಾಗವಾಗಲಿಲ್ಲ. ಬಾಗಿಲಿನ ಹೆಸರಿನ ಹಲಗೆ ಕಿತ್ತೊಯ್ದು ಮನೆಯನ್ನೇ ಸಾಗಿಸಿದೆ ಎಂದುಕೊಂಡಿದ್ದೆ ನಾನು! ಹಲಗೆಗಳನ್ನು ಮತ್ತೆ ಪರದೆಗೆ ತಂದಿಟ್ಟು ನಿಜವಾದ ಮನೆಗಳನ್ನು ಹುಡುಕಿದೆ. ಅಂಗಡಿಯವನು ಅವನ್ನು ಒಂದರೊಳಗೊಂದು ಫೋಲ್ಡರು ಮಾಡಿ ಎಲ್ಲೋ ಮೂಲೆಯಲ್ಲಿ ಬಚ್ಚಿಟ್ಟಿದ್ದ. ಚಹಾ ಎರಡು ಸಲ ಆರಿದ ಮೇಲೆ ಸಿಕ್ಕವು.

ಒಳಗೆ ನೋಡಿದರೆ ಏನು ಅರಾಜಕತೆ! ಒಂದೇ ಆಟದ ಮನೆಯಲ್ಲಿ ಚಿತ್ರ, ಸದ್ದು, ಅಕ್ಷರ ಎಲ್ಲ ಕೂಡಿ ಬಾಳುತ್ತಿವೆ. ಬಿಡುವೆನೇ? ನವನಗರದಲ್ಲಿ ಇರುವ ಹಾಗೆ ಡಿ ಡ್ರೈವಿನಲ್ಲೂ ಸೆಕ್ಟರುಗಳನ್ನು ಮಾಡಿದೆ. ಎಲ್ಲ ಆಟಗಳ ಚಿತ್ರಗಳೂ ಒಂದು ಸೆಕ್ಟರಿಗೆ. ಎಲ್ಲ ಆಟಗಳ ಸದ್ದುಗಳೂ ಇನ್ನೊಂದಕ್ಕೆ. ಒತ್ತಿದರೆ ಓಡುವಂಥವು ಮತ್ತೊಂದಕ್ಕೆ. ಕಾರಿನ ಸದ್ದು ಬಂದೂಕಿನ ಸದ್ದಿನ ಪಕ್ಕ, ಇಸ್ಪೀಟಿನ ರಾಣಿ ಊರಿನ ಕಾರ್ಖಾನೆಯ ಪಕ್ಕ, ಎಷ್ಟು ಶಿಸ್ತು, ಎಷ್ಟು ಸೌಹಾರ್ದ! ಹೀಗೆ ಒಕ್ಕಲೆಬ್ಬಿಸುವಾಗ ಕಂಪ್ಯೂಟರ್ ನಡುನಡುವೆ ಏನೇನೋ ತಕರಾರು ತೆಗೆಯಿತು. ತಕರಾರುಗಳನ್ನು ಓದದೆ ಮುಗಿಸುವುದು ನಮ್ಮ ಕಚೇರಿಯ ಹಳೇ ಕಲೆ.

ಕೊನೆಗೆ ಯಾವ ಜಾತಿಗೂ ಸೇರದ ಕೆಲವು ಉಳಿದವು. ಚಿತ್ರವೂ ಅಲ್ಲ, ಸದ್ದೂ ಅಲ್ಲ, ಒತ್ತಿದರೆ ಓಡುವುದೂ ಇಲ್ಲ. ಅದರಲ್ಲೊಂದರ ಹೆಸರು ಇಂಗ್ಲಿಷ್ ಅಕ್ಷರದಲ್ಲಿ 'ಹಳೇಊರು' ಎಂದಿತ್ತು. ಹಳೇದು ಎಂದು ತಾನೇ ಒಪ್ಪಿಕೊಂಡ ಮೇಲೆ ವಿಚಾರಣೆ ಏಕೆ? ಎಲ್ಲವನ್ನೂ ಕಸದ ಬುಟ್ಟಿಗೆ ಹಾಕಿ, ಬುಟ್ಟಿಯನ್ನೂ ಬರಿದು ಮಾಡಿದೆ. ಖಚಿತವೇ ಎಂದು ಕಂಪ್ಯೂಟರ್ ಕೇಳಿತು. ಇಷ್ಟು ವರ್ಷದ ಸರ್ವಿಸಿನಲ್ಲಿ ಯಾರೂ ನನ್ನ ಅಭಿಪ್ರಾಯವನ್ನು ಇಷ್ಟು ವಿನಯದಿಂದ ಕೇಳಿರಲಿಲ್ಲ. ಹೌದು ಎಂದು ಒತ್ತಿದೆ.

ಸಂಜೆ ಇಬ್ಬರೂ ಬಂದರು. ಕಾಲು ತೊಳೆದವರೇ ಕಂಪ್ಯೂಟರಿನ ಮುಂದೆ ಚಾಪೆ ಹಾಸಿದರು. ನಾನು ಸನ್ಮಾನಕ್ಕೆ ನಿಂತವನಂತೆ ಪಕ್ಕದಲ್ಲಿ ನಿಂತೆ. ಬಸವೇಶ್ವರಿ ಊರು ಕಟ್ಟುವ ಆಟದ ಮೇಲೆ ಒತ್ತಿದಳು. ಪರದೆಯ ಮೇಲೊಂದು ಟಾರ್ಚು ಮೂಡಿ ಅತ್ತಿತ್ತ ಬೆಳಕು ಬಿಡುತ್ತ ಹುಡುಕತೊಡಗಿತು.

"ಏನ ಹುಡುಕಾಕತ್ತೈತಿದು?" ಎಂದಳು ಅವ್ವ.

"ನಿಮ್ಮ ಮಗ ಇಟ್ಟ ಜಾಗಾ ಹುಡುಕಾಕತ್ತೈತ್ರಿ ಅತ್ತಿ. ಪಾಪ, ಸಿಗೂದಿಲ್ಲ ಅದಕ್ಕ," ಎಂದಳು ಬಸವೇಶ್ವರಿ.

ಟಾರ್ಚು ದಣಿದು, 'ಆಟ ಸಿಗಲಿಲ್ಲ, ಅದರ ಬದಲು ಇದು ನಡೆದೀತೇ?' ಎಂದು ಕೂಡಿ ಕಳೆಯುವ ಕ್ಯಾಲ್ಕ್ಯುಲೇಟರನ್ನು ತೋರಿಸಿತು. ಬಸವೇಶ್ವರಿ ನನ್ನತ್ತ ತಿರುಗಿದಳು.

"ರೀ, ಅದರಾಗ ಹಳೇಊರು ಅಂತ ಒಂದಿತ್ತು. ಅದೆಲ್ಲೈತಿ?"

"ಅದಾ? ಅದು ಯಾವದಕ್ಕೂ ಸೇರಲಿಲ್ಲ. ವಿಲೇವಾರಿ ಮಾಡಿದೆ."

ಆಗಲೇ ನನಗೆ ಓಣಿಯ ಕಥೆ ತಿಳಿದದ್ದು. ಬಸವೇಶ್ವರಿ ಒಂದೊಂದೇ ಮಾತಿನಲ್ಲಿ ಹೇಳಿದಳು. ಬೈದಿದ್ದರೆ ಎದುರು ಬೈದು ಹಗುರಾಗಬಹುದಿತ್ತು, ಅವಳು ಬೈಯಲಿಲ್ಲ. ಅವ್ವ ಪರದೆಯನ್ನೇ ನೋಡುತ್ತಿದ್ದಳು.

"ಮತ್ತ ಮುಳುಗಿತೇನ?" ಎಂದು ಕೇಳಿದಳು.

ಮೊದಲ ಸಲ ಮುಳುಗಿದಾಗ ಸರಕಾರದ ಕಡೆಗೆ ಬೆರಳು ತೋರಿಸಿ ಪಾರಾಗಿದ್ದೆ. ಈ ಸಲ ಸರಕಾರ ನಾನೇ.

ಮರುದಿನ ಬೆಳಿಗ್ಗೆ ಕಚೇರಿಯ ಗೆಳೆಯ ಚಮನಸಾಬನನ್ನು ಕರೆತಂದೆ. ಕಂಪ್ಯೂಟರ್ ಕೋರ್ಸು ಮಾಡಿದವನು, ನಾಲಿಗೆಯೂ ಚೂಪು. ಡಿ ಡ್ರೈವು ತೆರೆದು ನನ್ನ ಸೆಕ್ಟರುಗಳನ್ನು ನೋಡಿ ಅವನು ಚಹಾದ ಕಪ್ಪು-ಬಸಿ ಕೆಳಗಿಟ್ಟ.

"ಶ್ರೀಶೈಲಪ್ಪ, ಇದನ್ನ ಶಿಫ್ಟ್ ಮಾಡೂದು ಅಂತಾರೇನ್ರಿ? ಒಂದ ಮನ್ಯಾಗಿನ ಗಂಡ, ಹೆಂಡ್ತಿ, ಮಕ್ಕಳನ್ನ ಬ್ಯಾರೆ ಬ್ಯಾರೆ ಊರಿಗೆ ಕಳಿಸಿ ಸಂಸಾರ ಮಾಡ್ರಿ ಅಂದಂಗಾತಿದು."

"ಪದ್ಧತಿ ಐತಿ ಅದಕ್ಕ," ಎಂದೆ.

"ಗೊತ್ತೈತ್ರಿ ನಿಮ್ಮ ಪದ್ಧತಿ. ನನ್ನ ಬಡ್ತಿ ಕಾಗದ ಇನ್ನೂ ಅದೇ ಪದ್ಧತ್ಯಾಗ ಸಿಕ್ಕೊಂಡೈತಿ."

ಅಂಗಡಿಯಿಂದ ಸೀಡಿ ತಂದು ಅವನು ಆಟಗಳನ್ನು ಹೊಸದಾಗಿ ಹಾಕಿದ. ಕಾರು ಓಡಿತು, ಬಂದೂಕು ಹಾರಿತು, ಇಸ್ಪೀಟಿನ ರಾಣಿ ಮನೆ ಸೇರಿದಳು. ಊರು ಕಟ್ಟುವ ಆಟವೂ ತೆರೆಯಿತು. ಆದರೆ ತೆರೆದರೆ ಬರೀ ಹಸಿರು ಬಯಲು, ನಡುವೆ ಒಂದು ಹೊಳೆ.

"ಆಟ ಬಂತ್ರಿ ಅಕ್ಕಾರ," ಎಂದ ಚಮನಸಾಬ ಬಸವೇಶ್ವರಿಗೆ. "ನೀವು ಕಟ್ಟಿದ್ದು ಬರೂದಿಲ್ಲ. ಇವರು ಅದನ್ನ ಬುಡಸಮೇತ ತಗದಾರ."

ನಾನು ಪ್ರಾಯಶ್ಚಿತ್ತಕ್ಕೆ ಸಿದ್ಧನಾದೆ. "ನಾ ಕಟ್ಟಿಕೊಡ್ತೇನಿ. ಈ ಸಲ ನೆಟ್ಟಗಿನ ರಸ್ತೆ, ಪಸಂದ ಸೆಕ್ಟರು," ಎಂದು ಮೌಸಿಗೆ ಕೈ ಹಾಕಿದೆ. ಬಸವೇಶ್ವರಿ ನನ್ನ ಕೈಯನ್ನು ಎತ್ತಿ ನನ್ನ ತೊಡೆಯ ಮೇಲೆಯೇ ಇಟ್ಟಳು. ಅಂದಿನಿಂದ ಕಂಪ್ಯೂಟರಿನ ಮೇಲಿನ ಕಸೂತಿ ಬಟ್ಟೆಯನ್ನು ತೆಗೆಯುವ ಅಧಿಕಾರವೂ ನನಗಿಲ್ಲ.

ಅತ್ತೆ ಸೊಸೆ ಮತ್ತೆ ಕಟ್ಟತೊಡಗಿದರು. ನಾನು ದೂರದಿಂದ ನೋಡುತ್ತಿದ್ದೆ, ಕೇಳಿದಾಗ ಚಹಾ ಮಾಡಿ ಕೊಡುತ್ತಿದ್ದೆ. ಗಿರಣಿ ಬಂತು. ಕಿರಾಣಿ ಅಂಗಡಿ ಬಂತು. ಎಲ್ಲಿ ತಿರುವು ಎಂಬುದು ಅವ್ವನಿಗೆ ಒಂದು ಕ್ಷಣ ಮರೆತಾಗ ನಾನು ನೆನಪು ಮಾಡಿಕೊಟ್ಟೆ. ಅಷ್ಟಕ್ಕೇ ನನ್ನ ಕಣ್ಣು ಒದ್ದೆಯಾಗಿತ್ತು, ಚಹಾದ ಹಬೆ ಎಂದು ಹೇಳಿಕೊಂಡೆ. ಒಂದು ದಿನ ಬಸವೇಶ್ವರಿಯೇ ನನ್ನನ್ನು ಹತ್ತಿರ ಕರೆದಳು.

"ನಿಮ್ಮ ಆಫೀಸೂ ಕಟ್ಟೇವ್ರಿ, ಬರ್ರಿ, ನೋಡ್ರಿ."

ನನಗಾದ ಸಂತೋಷ ಅಷ್ಟಿಷ್ಟಲ್ಲ. ಅಂತೂ ಕ್ಷಮೆ ಸಿಕ್ಕಿತು! ಅಂಗಿ ಸರಿಮಾಡಿಕೊಂಡು ಬಂದು ಚಾಪೆಯ ತುದಿಗೆ ಕೂತೆ. ಓಣಿಯಲ್ಲಿ ಹುಡುಕಿದೆ, ಇಲ್ಲ. ಬಜಾರಿನಲ್ಲಿ ಹುಡುಕಿದೆ, ಇಲ್ಲ. ಊರನ್ನೆಲ್ಲ ಬಿಟ್ಟು ದೂರದಲ್ಲಿ, ಹೊಳೆಯ ಅಂಚಿನಲ್ಲಿ, ಇನ್ನೊಂದು ಹೆಜ್ಜೆ ಇಟ್ಟರೆ ನೀರಿಗೆ ಬೀಳುವಂತೆ ಒಂದು ಒಂಟಿ ಕಟ್ಟಡ ನಿಂತಿತ್ತು.

"ಇದೇನಿದು, ಅಲ್ಯಾಕ ಕಟ್ಟೀರಿ?" ಎಂದೆ.

"ನಾನ ಹೇಳಿ ಕಟ್ಟಿಸೇನಿ," ಎಂದಳು ಅವ್ವ, ಪರದೆಯಿಂದ ಕಣ್ಣು ತೆಗೆಯದೆ. "ಇನ್ನೊಮ್ಮೆ ನೀರ ಬಂದರ ಮೊದಲ ಅದ ಹೋಗಲಿ."