ಕೆರಿಯ ಹುಡುಕಿದ ವರ

ಇಷ್ಟೆಲ್ಲ ರಾದ್ಧಾಂತಕ್ಕೆ ಕಾರಣ ಒಂದು ಒಣ ಬಂಗಡೆ. ಅಂಕೋಲೆಯಲ್ಲಿ ಉಪ್ಪಿನ ಸತ್ಯಾಗ್ರಹವಾದ ಮರುವರ್ಷದ ಮಾತು. ಇಡಗುಂದಿಯ ಗಾಡಿಕಾರ ಕೆರಿಯ ಘಟ್ಟದ ಕೆಳಗಿನಿಂದ ಆಸೆಪಟ್ಟು ತಂದು ಒಲೆಯ ಮೇಲೆ ತೂಗುಹಾಕಿದ್ದ ಮೀನು ಮಾಯವಾಗಿತ್ತು.

"ಬೆಕ್ಕು ತಿಂತು," ಎಂದಳು ಹೆಂಡತಿ ನಾಗಿ.

"ನೀನೇ ತಿಂದದ್ದು, ಕಳ್ಳಿ!" ಎಂದ ಕೆರಿಯ.

ಮಾತಿಗೆ ಮಾತು ಬೆಳೆದು, ಜಾತಿಯ ಯಜಮಾನ ನಾಗಪತಿಯ ಅಂಗಳದಲ್ಲಿ ಹತ್ತು ಜನರ ಮುಂದೆ ಕಡ್ಡಿ ಮುರಿದು ಗಂಡ-ಹೆಂಡಿರ ಬಿಡುಗಡೆಯೂ ಆಗಿಹೋಯಿತು. ಕೆರಿಯ ಹೆಗಲ ವಸ್ತ್ರ ಕೊಡವಿ ಎದ್ದ. ನಾಗಪತಿ ಬಿಡಲಿಲ್ಲ.

"ಕೂತ್ಕೋ. ನಮ್ಮ ಕಟ್ಟಳೆ ಗೊತ್ತಲ್ಲ? ತಪ್ಪು ಹೆಂಗಸಿಂದಾದ್ರೆ ಅವ್ಳಿಗೆ ಎಂತದೂ ಇಲ್ಲ. ಗಂಡಸಿಂದಾದ್ರೆ ಅವ್ಳು ಸಾಯೂವರೆಗೆ ಅನ್ನ ಅವ್ನೇ ಹಾಕ್ಬೇಕು. ಇಲ್ಲಿ ಯಾರ ತಪ್ಪು ಅಂತ ಹೇಳೂಕೆ ಸಾಕ್ಷಿ ಇಲ್ಲ. ಹಂಗಾಗಿ ಅವ್ಳು ಇನ್ನೊಬ್ಬನ ಸಂಗ್ತಿಗೆ ಕೂಡಿಕೆ ಆಗೂವರೆಗೆ ದಿನಾ ಬೆಳಗ್ಗೆ ಅಕ್ಕಿ, ಮೀನು ನೀನೇ ಹೋಗಿ ಮುಟ್ಸು."

ನಾಗಿ ಬೆಕ್ಕನ್ನು ಎತ್ತಿಕೊಂಡು ಎದುರುಮನೆಯ ಗೌರಕ್ಕನ ಹಿತ್ತಿಲ ಕೋಣೆಗೆ ನಡೆದಳು.

ಅಂದಿನಿಂದ ಕೆರಿಯನ ಮಾನ ಬೀದಿಗೆ ಬಂತು. ಅಕ್ಕಿಯ ಚೀಲ ಹಿಡಿದು ಹೊರಟರೆ ಸಾಕು, ಓಣಿಗೆ ಓಣಿಯೇ ಬಾಗಿಲಿಗೆ ಬರುತ್ತಿತ್ತು. "ಕೆರಿಯಾ, ಇವತ್ತು ತಾರ್ಲೆಯಾ, ಬಂಗಡೆಯಾ?" ಒಂದು ಬೆಳಗ್ಗೆಯಂತೂ ನಾಗಿ ಅಕ್ಕಿಯಲ್ಲಿ ಬೆರಳಾಡಿಸಿ ಚೀಲವನ್ನು ತಿರುಗಿ ಅವನ ಕೈಗೇ ಇಟ್ಟಳು.

"ಕಲ್ಲು ಅದೆ ಇದ್ರಲ್ಲಿ. ಹೆಂಡ್ತಿ ಆಗಿದ್ದಾಗ ನಾನೇ ಆರಿಸ್ತಿದ್ದೆ. ಈಗ ನೀನೇ ಆರ್ಸಿ ಕೊಡು."

"ಅಲ್ದನಾ ಮತ್ತೆ!" ಎಂದು ಗೌರಕ್ಕ ಮೊರವನ್ನೂ ತಂದಿಟ್ಟಳು. ಎತ್ತುಗಳು ನೊಗದಡಿ ಕಾಯುತ್ತಿರಲು, ಕೆರಿಯ ಜಗಲಿಯ ಮೇಲೆ ಕೂತು ಹೊಸ ಸೊಸೆಯಂತೆ ತಲೆತಗ್ಗಿಸಿ ಕಲ್ಲು ಆರಿಸಿದ. ಇವಳಿಗೊಂದು ಗಂಡು ಕಟ್ಟದೆ ತನಗೆ ಉಳಿಗಾಲವಿಲ್ಲವೆಂದು ಅವನಿಗೆ ಅಲ್ಲೇ ಹೊಳೆಯಿತು.

ಮಧ್ಯಾಹ್ನ ಮರ ಇಳಿಸಲು ಹೋದ ನಾಟಾ ಡಿಪೋದಲ್ಲಿ ಸಿದ್ದಾಪುರ ಕಡೆಯ ದ್ಯಾವ ಸಿಕ್ಕ. ಅವರದೇ ಜಾತಿ, ಹೆಂಡತಿ ಸತ್ತು ಒಂಟಿಯಾಗಿದ್ದ. ಕೆರಿಯ ಅವನಿಗೆ ಚಾ ಕುಡಿಸಿ ನಾಗಿಯ ಗುಣಗಾನ ಶುರುಮಾಡಿದ. ಅವಳ ಕೈಯ ಗಂಜಿ ಅಮೃತ, ಎದುರು ಮಾತೇ ಆಡುವವಳಲ್ಲ, ದನಗಳೂ ಅವಳ ದನಿ ಕೇಳಿದರೆ ಹೆಚ್ಚು ಹಾಲು ಕೊಡುತ್ತವೆ. ಹೇಳುತ್ತ ಹೇಳುತ್ತ ಅವನ ಬಾಯಲ್ಲೇ ನೀರೂರಿತು. ಮೂರು ತಿಂಗಳಿಂದ ಅವನು ತಿನ್ನುತ್ತಿದ್ದುದು ತನ್ನ ಕೈಯ ಸೀದ ಗಂಜಿಯನ್ನು.

ದ್ಯಾವ ಒಪ್ಪಿದ. ಸಂಜೆ ನಾಗಪತಿಯ ಅಂಗಳದಲ್ಲಿ ಮತ್ತೆ ಜನ ಸೇರಿತು. ನಾಗಿ ಕಂಬದ ಹಿಂದೆ ನಿಂತಳು. ದ್ಯಾವ ಮಾತ್ರ ಹುಷಾರಿ ಆಸಾಮಿ.

"ಎಲ್ಲ ಸರಿ ಮಾರಾಯ. ಇಂಥಾ ಹೆಂಗ್ಸನ್ನ ನೀ ಬಿಟ್ಟದ್ದೆಂತಕ್ಕೆ? ಅವ್ಳ ಕೈ ಚಾಳಿ ಚಲೋ ಇಲ್ಲ ಅಂತಾರಲ್ಲ?"

ಕೆರಿಯ ದಡಬಡಿಸಿ ಎದ್ದು ನಿಂತ. ಕುದುರಿದ ಸಂಬಂಧ ಕೈತಪ್ಪಬಾರದು.

"ಶಿವಶಿವಾ! ಅವ್ಳ ತಪ್ಪು ಎಂತದೂ ಇಲ್ಲ! ಬಂಗಡೆ ತಿಂದದ್ದು ಬೆಕ್ಕೇ. ನಾನೇ ಕಣ್ಣಾರೆ ಕಂಡಿದ್ದೆ. ಸಿಟ್ಟಿಗೆ ಸುಳ್ಳು ಹೇಳ್ದೆ."

ನಾಗಪತಿಯ ಬಾಯಲ್ಲಿ ಎಲೆ-ಅಡಿಕೆ ನಿಂತಿತು. "ಇನ್ನೊಂದ್ಸಲ ಹೇಳು."

ಕೆರಿಯ ಓಣಿಗೆಲ್ಲ ಕೇಳುವಂತೆ ಹೇಳಿದ.

"ಹಂಗಾದ್ರೆ ತಪ್ಪು ಗಂಡಸಿನದು," ಎಂದ ನಾಗಪತಿ. "ಕಟ್ಟಳೆ ಪ್ರಕಾರ ಅವ್ಳು ಸಾಯೂವರೆಗೆ ಅನ್ನ ನಿಂದೇ. ಸುಳ್ಳು ಹೇಳಿದ್ದಕ್ಕೆ ದಂಡ ಅಂತ ಆ ಬೆಕ್ಕಿಗೂ ದಿನಾ ಒಂದು ಬಂಗಡೆ."

"ಆದ್ರೆ ಅವ್ಳು ಕೂಡಿಕೆ ಆಗ್ತಾಳಲ್ಲ!" ಕೆರಿಯ ಕಿರುಚಿದ.

"ಯಾರು ಹೇಳಿದ್ರು?" ಕಂಬದ ಹಿಂದಿನಿಂದ ನಾಗಿಯ ದನಿ. "ನಂಗೆ ಯಾವ ಗಂಡೂ ಬ್ಯಾಡ. ಕೂತಲ್ಲಿಗೆ ಅಕ್ಕಿ ಬರ್ತದೆ, ಅದೂ ಕಲ್ಲು ಆರ್ಸಿದ್ದು."

ಜನ ನಗುತ್ತ ಚೆದುರಿದರು. ಕುಡಿದ ಚಾಕ್ಕೆ ಉಪಕಾರವೆಂದು ದ್ಯಾವನೂ ಕೈಮುಗಿದು ಹೊರಟ. ಬೆಕ್ಕಿನ ಮೊದಲ ಬಂಗಡೆಯನ್ನು ಕೆರಿಯ ಅಂದೇ ಗೌರಕ್ಕನ ಹಿತ್ತಿಲಿಗೆ ಹೋಗಿ ಒಪ್ಪಿಸಬೇಕಾಯಿತು. ಮೀನು ತೆಗೆದುಕೊಳ್ಳುವಾಗ ನಾಗಿ ಅತ್ತಿತ್ತ ನೋಡಿ ದನಿ ತಗ್ಗಿಸಿದಳು.

"ಬೆಕ್ಕು ಪಾಪದ್ದು ಕಣಾ. ಅವತ್ತು ತಿಂದದ್ದು ನಾನೇ."

"ಆಂ?" ಎಂದ ಕೆರಿಯ.

"ಹಸಿವಾಗಿತ್ತು, ತಿಂದೆ. ನನ್ನ ಮನೇಲಿ ನಾ ತಿಂದ್ರೆ ಕಳ್ಳತನ ಆಗ್ತದನಾ? ಹತ್ತು ಜನರೆದುರು ಕಳ್ಳಿ ಅಂದ್ಯಲ್ಲ, ಆ ಉರಿ ಇವತ್ತು ತಣೀತು."

"ಯಜಮಾನ್ರೇ!" ಎಂದು ಕೂಗುತ್ತ ಕೆರಿಯ ಓಣಿಗೆ ಓಡಿ ಬಂದ. ನಾಗಪತಿಯ ಮನೆಯ ಮೆಟ್ಟಿಲು ಹತ್ತುವಾಗಷ್ಟೇ, ಬೆಕ್ಕು ತಿಂದದ್ದನ್ನು ತಾನೇ ಕಣ್ಣಾರೆ ಕಂಡೆನೆಂದು ಹೇಳಿದ್ದು ನೆನಪಾಯಿತು. "ಎಂತಾ ಕೆರಿಯಾ?" ಎಂದು ಒಳಗಿನಿಂದ ನಾಗಪತಿ ಕೇಳಿದ.

"ಎಂತದೂ ಇಲ್ಲ ಯಜಮಾನ್ರೇ," ಎಂದ ಕೆರಿಯ. "ಒಂದು ಮೊರ ಬೇಕಿತ್ತು."